ಡೆಸ್ ಕನ್ನಡದಲ್ಲಿ ಆಡಿದ ವರ್ಷ

ಕಳೆದ ಶನಿವಾರ ಸುಬಾಂಗ್ ಜಯಾದ ಆ ಹಳೆಯ ಸ್ಟೇಡಿಯಮ್ಮಿನ ಬಾಗಿಲು ತಳ್ಳಿದೆ, ವಾಸನೆ ಗಪ್ಪನೆ ಮೂಗಿಗೆ ಬಡಿಯಿತು. ಹಸಿರು ಶೀಶೆಯ ನೋವಿನೆಣ್ಣೆ, ಬೂಟಿನ ರಬ್ಬರು, ಬೆವರು, ಹೊರಗೆ ಕಾದ ಟಾರಿನ ಮೇಲೆ ಆಗಷ್ಟೇ ಬಿದ್ದ ಮಳೆ. ಮಕ್ಕಳ ಪಂದ್ಯವೊಂದಕ್ಕೆ ಕೈಕಾಲು ನೋಡಿಕೊಳ್ಳಲು ಕರೆದಿದ್ದರೆಂದು ಹೋಗಿದ್ದೆ. ಟೇಪಿನ ಚೀಲ ಹಿಡಿದುಕೊಂಡು ಬಾಗಿಲಲ್ಲೇ ನಿಂತುಬಿಟ್ಟೆ. ಹಿಂದಿದ್ದ ಹುಡುಗಿಯೊಬ್ಬಳು "ಆಂಟಿ, ಗೋಯಿಂಗ್ ಇನ್ ಆರ್ ನಾಟ್?" ಎಂದು ಕೇಳುವ ಹೊತ್ತಿಗೆ ನಾನು ಅಲ್ಲಿರಲಿಲ್ಲ. ಡೆಸ್ ಇದ್ದ ವರ್ಷಕ್ಕೆ ಹೋಗಿಬಿಟ್ಟಿದ್ದೆ.

ನಾನು ದಾವಣಗೆರೆಯವಳು, ಹೆಸರು ಸುಮಾ, ಕೆಲಸ ಫಿಸಿಯೋಥೆರಪಿ. ಅಂದರೆ ಜನರ ಮಂಡಿ, ಸೊಂಟ, ಕುತ್ತಿಗೆಗಳ ಗೋಳು ಕೇಳುವುದು. ಗಂಡ ಪ್ರಶಾಂತನ ಕೆಲಸದ ನೆಪದಲ್ಲಿ ಮಲೇಷಿಯಾಕ್ಕೆ ಬಂದು ಪುಚೊಂಗಿನಲ್ಲಿ ಮನೆ ಮಾಡಿದ್ದೆವು. ನನಗೆ ಹತ್ತಿರದ ಕ್ಲಿನಿಕ್ಕಿನಲ್ಲಿ ಕೆಲಸ ಸಿಕ್ಕಿತ್ತು. ಆ ವರ್ಷ ಸಣ್ಣದೊಂದು ಬಾಸ್ಕೆಟ್‌ಬಾಲ್ ತಂಡದ ಕೋಚ್ ಲಿಮ್ ಎಂಬುವರು ಸೊಂಟ ಹಿಡಿದುಕೊಂಡು ಬಂದು, ನೆಟ್ಟಗಾಗಿ ಹೋಗುವಾಗ, "ಸಂಜೆ ಹೊತ್ತು ನಮ್ಮ ಹುಡುಗರ ಕಾಲೂ ನೋಡಿಕೊಡಿ ಲಾ" ಎಂದರು, ಇಲ್ಲಿನವರು ಮಾತಿನ ಕೊನೆಗೆ ಹಾಕುವ ಆ 'ಲಾ' ಸೇರಿಸಿ. ಬಾಸ್ಕೆಟ್‌ಬಾಲಿನ ಗಂಧಗಾಳಿ ನನಗಿರಲಿಲ್ಲ. ಯಾವ ಆಟ ಆಡಿದರೇನು, ಕಾಲು ಕಾಲೇ ಎಂದು ಒಪ್ಪಿಕೊಂಡೆ.

ಸುಮಾತ್ರಾದ ಕಡೆಯಿಂದ ಕಾಡು ಸುಟ್ಟ ಹೊಗೆ ಬಂದು ಆಕಾಶವೆಲ್ಲ ಬೆಳ್ಳಗೆ ಮಸುಕಾಗಿದ್ದ ದಿನಗಳವು. ಎದುರಿನ ಕಟ್ಟಡ ಬೆಳಿಗ್ಗೆ ಕಂಡರೆ ಮಧ್ಯಾಹ್ನಕ್ಕೆ ಮಾಯ. ಸೂರ್ಯನನ್ನು ಬರಿಗಣ್ಣಿನಲ್ಲಿ ನೋಡಬಹುದಿತ್ತು. ಅಂಥ ಒಂದು ಮಧ್ಯಾಹ್ನ, ಆ ಬಿಳುಪಿನೊಳಗಿಂದ ಎತ್ತರದ ಕಪ್ಪು ಮನುಷ್ಯನೊಬ್ಬ ಒಂದೇ ಒಂದು ಸೂಟ್‌ಕೇಸು ಎಳೆದುಕೊಂಡು ನಿಧಾನವಾಗಿ ಮೂಡಿಬಂದ. ಎಲ್ಲಿಂದಲೋ ಕನಸಿನಿಂದ ಇಳಿದು ಬಂದಂತಿದ್ದ ಅವನು ಮೊದಲು ಕೇಳಿದ್ದು, ಇಲ್ಲಿ ಊಟ ಎಲ್ಲಿ ಸಿಗುತ್ತದೆ ಎಂದು.

ಕೋಚ್ ಲಿಮ್ ಪರಿಚಯ ಮಾಡಿಕೊಟ್ಟರು. ಡೆಸ್ಮಂಡ್, ಎಲ್ಲರ ಬಾಯಲ್ಲಿ ಡೆಸ್, ಅಮೆರಿಕದವನು, ಹತ್ತು ಹನ್ನೊಂದು ವರ್ಷ ಯುರೋಪಿನಲ್ಲಿ ಆಡಿದವನು, ಈ ಸಲ ನಮ್ಮ ಗಾರ್ಡ್. ಗಾರ್ಡ್ ಎಂದರೆ ಚೆಂಡನ್ನು ಕುಟ್ಟಿಕೊಂಡು ಬಂದು, ಯಾರು ಯಾವ ಕಡೆ ಓಡಬೇಕೆಂದು ಕೂಗಿ ಹೇಳುವವನಂತೆ. ಮದುವೆಮನೆಯಲ್ಲಿ ಪಂಕ್ತಿ ನಡೆಸುವ ಸೋದರಮಾವನ ಕೆಲಸ ಅನ್ನಿ.

ಅವನ ಬಲಮಂಡಿಯ ಮೇಲೆ ಕೈಯಿಟ್ಟು ಮಡಚಿಸಿದೆ. ಒಳಗೆ ಜಲ್ಲಿ ತಿರುವಿದ ಸದ್ದು. ನನಗೆ ಮುಚ್ಚುಮರೆ ಮಾಡಿ ಮಾತಾಡಿ ಅಭ್ಯಾಸವಿಲ್ಲ.

"ಈ ಕಾಲಿನಲ್ಲಿ ಇನ್ನೂ ಎಷ್ಟು ದಿನ ಓಡಬೇಕು ಅಂತಿದೀಯಪ್ಪ?" ಎಂದು ಕೇಳಿದೆ.

"ಈ ಸೀಸನ್ ಪೂರ್ತಿ" ಎಂದ. "ಆಮೇಲೆ ಇನ್ನೊಂದು. ಆ ಇನ್ನೊಂದು ಬಹಳ ಮುಖ್ಯ."

ಯಾಕೆ ಮುಖ್ಯ ಎಂಬುದನ್ನು ಅವನು ಮೊದಲ ವಾರವೇ ಹೇಳಿದ, ನಾನು ಟೇಪು ಸುತ್ತುತ್ತಿರುವಾಗ. ಅಮೆರಿಕದಲ್ಲಿ ಜೋಳದ ಹೊಲಗಳ ನಡುವಿನ ಊರು ಅವನದು. ಕಾಲೇಜಿನಲ್ಲಿ ಚೆನ್ನಾಗಿ ಆಡಿದ್ದ, ಆದರೆ ದೊಡ್ಡ ಲೀಗಿನವರು ತಿರುಗಿ ನೋಡಲಿಲ್ಲ. ಸರಿ, ಯುರೋಪಿಗೆ ಹೊರಟ. ಮೊದಲು ಫಿನ್ಲೆಂಡ್, ಆಮೇಲೆ ಬೆಲ್ಜಿಯಂ, ಸ್ಲೊವಾಕಿಯಾ, ಗ್ರೀಸ್, ಪೋಲೆಂಡ್, ಹೀಗೇ ವರ್ಷಕ್ಕೊಂದು ಊರು, ಕೊನೆಗೆ ಸೈಪ್ರಸ್. ಎಲ್ಲಾ ಕಡೆಯೂ ಒಂದೇ ಸೀಸನ್. ಮುಗಿದ ಮೇಲೆ ಥ್ಯಾಂಕ್ಸ್ ಹೇಳಿ ಕೈ ಕುಲುಕಿ ಕಳಿಸಿಬಿಡುವುದು. ಯಾವ ಊರೂ ಅವನನ್ನು ಎರಡನೇ ಸಲ ಕರೆದಿರಲಿಲ್ಲ. ಈಗ ಪೋಲೆಂಡಿನ ಆ ಸಣ್ಣ ಊರಿನವರು ಫೋನು ಮಾಡಿದ್ದರು. ವಾಪಸ್ ಬರ್ತೀಯಾ ಎಂದು ಕೇಳಿದ್ದರು. ಒಂದೇ ಷರತ್ತು. ಆ ಮಂಡಿ ಒಂದು ಸೀಸನ್ ಪೂರ್ತಿ ತಡೆಯುತ್ತದೆಂದು ತೋರಿಸಬೇಕು, ಕೊನೆಯ ಪಂದ್ಯವನ್ನು ಅವರ ಕೋಚ್ ಇಂಟರ್ನೆಟ್ಟಿನಲ್ಲಿ ಕೂತು ನೋಡುತ್ತಾನೆ.

"ಅಲ್ಲಿ ನಾನಿದ್ದ ಮನೆಯ ಬಾಗಿಲ ಹಿಂದೆ ಒಂದು ಕೋಟು ಮರೆತು ಬಂದಿದೀನಿ" ಎಂದ. "ಚಳಿಗಾಲದ ಕೋಟು. ಇನ್ನೂ ಅಲ್ಲೇ ಇರಬಹುದು ಅಂತ ಆಗಾಗ ಅನ್ನಿಸುತ್ತೆ."

ಒಂದು ಊರು ಬಿಟ್ಟು ಬಂದವರಿಗೆ ಇಂಥದ್ದು ಬೇಗ ತಾಗುತ್ತದೆ. "ಕಾಲು ಅಲ್ಲಾಡಿಸಬೇಡ, ತಡಿ, ತಡಿ" ಎಂದು ಕನ್ನಡದಲ್ಲೇ ಗದರಿಸಿ ತಲೆ ತಗ್ಗಿಸಿಕೊಂಡೆ.

ಅವನಿಗೊಂದು ಪದ್ಧತಿಯಿತ್ತು. ಆಟದ ನಡುವೆ ಕೂಗುವ ಸೂಚನೆಗಳನ್ನು ಎದುರಾಳಿಗಳು ತಿಳಿಯಬಾರದಲ್ಲ, ಅದಕ್ಕೆ ಪ್ರತಿ ಊರಿನಲ್ಲೂ ಹಿಂದಿನ ಊರಿನ ಭಾಷೆಯಲ್ಲಿ ಕೂಗುತ್ತಿದ್ದ. ಬೆಲ್ಜಿಯಂನಲ್ಲಿ ಫಿನ್ಲೆಂಡಿನ ಮಾತು, ಗ್ರೀಸಿನಲ್ಲಿ ಸ್ಲೊವಾಕಿಯಾದ್ದು, ಪೋಲೆಂಡಿನಲ್ಲಿ ಗ್ರೀಕ್. ತಂಡದವರಿಗೆ ನಾಲ್ಕೋ ಐದೋ ಪದ ಕಲಿಸುವುದು, ಅಷ್ಟೇ. ಬಿಟ್ಟುಬಂದ ಊರನ್ನು ಹೀಗೆ ಬಾಯಲ್ಲಿ ಇಟ್ಟುಕೊಂಡೇ ಮುಂದಿನ ಊರಿಗೆ ಹೋಗುತ್ತಿದ್ದ ಪುಣ್ಯಾತ್ಮ. ಇಲ್ಲಿಗೆ ಬಂದಾಗ ಸೈಪ್ರಸ್ಸಿನ ಗ್ರೀಕ್ ಹಿಡಿದುಕೊಂಡು ಬಂದಿದ್ದ. ಮೊದಲ ಪಂದ್ಯದಲ್ಲೇ ಎಡವಟ್ಟಾಯಿತು. ಎದುರಾಳಿಗಳಾದ ಪೆನಾಂಗಿನವರು ಕರೆಸಿಕೊಂಡಿದ್ದ ವಿದೇಶಿ ಆಟಗಾರನೂ ಗ್ರೀಸಿನಲ್ಲಿ ಆಡಿ ಬಂದವನೇ! ಡೆಸ್ ಕೂಗಿದ್ದೆಲ್ಲ ಅವನಿಗೆ ಅಂಗೈ ನೆಲ್ಲಿಕಾಯಿ. ನಮ್ಮವರು ಹೀನಾಯವಾಗಿ ಸೋತರು.

ಮರುದಿನ ಡೆಸ್ ತಲೆ ಮೇಲೆ ಕೈ ಹೊತ್ತು ಕೂತಿದ್ದ. ಇಂಗ್ಲಿಷ್ ಎಲ್ಲರಿಗೂ ಬರುತ್ತದೆ. ಮಲಯ್ ಬರುತ್ತದೆ. ತಂಡದ ಹುಡುಗರೆಲ್ಲ ಇಲ್ಲೇ ಹುಟ್ಟಿ ಬೆಳೆದ ಚೀನೀಯರು, ಎದುರಾಳಿಗಳೂ ಅವರೇ, ಹಾಗಾಗಿ ಮ್ಯಾಂಡರಿನ್, ಕ್ಯಾಂಟನೀಸ್ ಯಾವುದೂ ಆಗುವುದಿಲ್ಲ. "ಇದೆಂಥಾ ದೇಶ! ಗುಟ್ಟು ಹೇಳೋಕೆ ಒಂದು ಭಾಷೆ ಉಳಿದಿಲ್ಲ" ಎಂದು ನಗುತ್ತಲೇ ಅಲವತ್ತುಕೊಂಡ. ಅಷ್ಟರಲ್ಲಿ ನನ್ನ ಫೋನು ಬಂತು. ಮಗಳು ಇಂಚರ. ಆಗ ಅವಳಿಗೆ ಒಂಬತ್ತೋ ಹತ್ತೋ.

"ಅಮ್ಮಾ, ವೆನ್ ಆರ್ ಯು ಕಮಿಂಗ್?"

"ತಡಿ ಪುಟ್ಟಾ, ಬರ್ತೀನಿ. ಒಳಗೆ ಹೋಗಿ ಕೂತ್ಕೊ. ಹೊರಗೆ ಹೋಗ್ಬೇಡ, ಹೊಗೆ ಇದೆ."

"ಬಟ್ ಐ ಆಮ್ ಹಂಗ್ರೀ."

"ತಡಿ ಅಂದ್ನಲ್ಲ!"

ಫೋನಿಟ್ಟು ನೋಡಿದರೆ ಡೆಸ್ ನೆಟ್ಟಗೆ ಕೂತು ನನ್ನನ್ನೇ ನೋಡುತ್ತಿದ್ದಾನೆ. "ಆ ಭಾಷೆ ಯಾವುದು? ಕಾಲಿಗೆ ಟೇಪು ಸುತ್ತೋವಾಗಲೂ ಅದನ್ನೇ ಹೇಳ್ತೀರಲ್ಲ, ತಡಿ, ತಡಿ. ಏನು ಹಾಗಂದ್ರೆ?"

ಹಾಗೆ ಶುರುವಾಯಿತು. ತಡಿ, ಒಳಗೆ, ಹೊರಗೆ, ಎಡ, ಬಲ. 'ಬಿಡು' ಅನ್ನುವುದನ್ನೂ ಸೇರಿಸಿದ್ದೆ, ಆದರೆ ಬಾಗಿಲಲ್ಲಿ ಕೂರುತ್ತಿದ್ದ ತಮಿಳರ ವಾಚ್‌ಮನ್ "ಅಕ್ಕಾ, ಅದು ನಮ್ಮ ಭಾಷೆ ಹಾಗೇ ಇದೆ" ಎಂದು ನಕ್ಕಿದ್ದರಿಂದ ಅದನ್ನು ಕೈಬಿಟ್ಟೆವು. ಆರು ಅಡಿ ದಾಟಿದ ಚೀನೀ ಹುಡುಗರು ಸಾಲಾಗಿ ನಿಂತು ನನ್ನ ಮುಂದೆ ಕನ್ನಡ ಒಪ್ಪಿಸುತ್ತಿದ್ದರು. ಅವರಲ್ಲೆಲ್ಲ ಎತ್ತರದವನು ವೆಂಗ್. ಬುಟ್ಟಿಯ ಕೆಳಗೆ ನುಗ್ಗುವುದು ಅವನ ಕೆಲಸ, ಆದ್ದರಿಂದ 'ಒಳಗೆ' ಅವನ ಪದ. ಅವನು ಮಾಮಕ್ ಅಂಗಡಿಗೆ ಚಹಾ ಕುಡಿಯಲು ಹೋದಾಗಲೂ ಬಾಗಿಲಲ್ಲಿ ನಿಂತು "ಒಳಗೆ, ಒಳಗೆ" ಎಂದು ಎಲ್ಲರನ್ನೂ ಕರೆಯುವುದು, ನಾನು ಹೊಟ್ಟೆ ಹಿಡಿದುಕೊಂಡು ನಗುವುದು. ಮನೆಯಲ್ಲಿ ಮಗಳ ಬಾಯಿಂದ ಒಂದು ಕನ್ನಡದ ಮಾತು ಹೊರಡಿಸಲಾಗದೆ ಸೋತವಳಿಗೆ ಇಲ್ಲಿ ಒಂದು ತಂಡವೇ ಸಿಕ್ಕಿತ್ತು.

ಇಂಚರಳಿಗೆ ಎಲ್ಲಾ ಅರ್ಥವಾಗುತ್ತಿತ್ತು. ನಾನು ಕನ್ನಡದಲ್ಲಿ ಬೈದರೆ ಅಳುತ್ತಿದ್ದಳು, ಅದೂ ಇಂಗ್ಲಿಷಿನಲ್ಲಿ. ಅಜ್ಜಿಗೆ ಫೋನು ಕೊಟ್ಟರೆ "ಹಾಯ್ ಅಜ್ಜಿ, ಐ ಆಮ್ ಫೈನ್" ಎಂದು ವಾಪಸ್ ಕೊಟ್ಟುಬಿಡುವುದು. ಶಾಲೆ ಬಿಟ್ಟ ಮೇಲೆ ಎಷ್ಟೋ ಸಂಜೆ ಅವಳು ಸ್ಟೇಡಿಯಮ್ಮಿಗೇ ಬರುತ್ತಿದ್ದಳು. ಡೆಸ್ ಅವಳನ್ನು ಮೇಡಂ ಎಂದೇ ಕರೆಯುತ್ತಿದ್ದ. ಅವನು ತನಗೆ ಬರುವ ಅರೆಬರೆ ಕನ್ನಡದಲ್ಲಿ ಕೇಳುವುದು, ಇವಳು ಇಂಗ್ಲಿಷಿನಲ್ಲಿ ಉತ್ತರಿಸುವುದು. ನಮ್ಮನೆಯ ಕಥೆಯೇ ಅಲ್ಲೂ.

ಹೊಗೆ ಹೋಗಿ ಮಳೆ ಬಂತು. ಇಲ್ಲಿನ ಮಳೆಗೆ ಗಡಿಯಾರವಿದೆ, ಮಧ್ಯಾಹ್ನ ದಾಟಿದರೆ ಸಾಕು. ಒಂದು ದಿನ ಅಭ್ಯಾಸದ ನಡುವೆ ಗುಡುಗಿ, ಕರೆಂಟು ಹೋಗಿ, ಸ್ಟೇಡಿಯಮ್ಮೆಲ್ಲ ಕತ್ತಲಾಯಿತು. ತಗಡಿನ ಮಾಡಿನ ಮೇಲೆ ಮಳೆ ಸುರಿಯುತ್ತಿದ್ದುದು ಬಿಟ್ಟರೆ ಬೇರೆ ಲೋಕವೇ ಇಲ್ಲ. ಹುಡುಗರೆಲ್ಲ ಕೋರ್ಟಿನ ಮೇಲೇ ಅಂಗಾತ ಮಲಗಿದರು. ಇಂಚರ ನನ್ನ ತೊಡೆಯ ಮೇಲೆ ತಲೆಯಿಟ್ಟಿದ್ದಳು. ಆ ಕತ್ತಲಲ್ಲಿ ಡೆಸ್ ತನ್ನ ಊರುಗಳನ್ನು ಒಂದೊಂದಾಗಿ ಹೇಳಿದ. ಕ್ಲಬ್ಬಿನವರು ಕೊಡುವ ಮನೆಯಲ್ಲಿ ಹಿಂದಿನ ವರ್ಷ ಬೇರೊಬ್ಬ ಆಟಗಾರ ಇದ್ದಿರುತ್ತಾನಂತೆ. ಅವನು ಬಿಟ್ಟುಹೋದ ಉಪ್ಪಿನ ಡಬ್ಬಿ, ಒಂಟಿ ಕಾಲುಚೀಲ, ಫ್ರಿಜ್ಜಿನ ಮೇಲೆ ಯಾವುದೋ ಮಗು ಬರೆದ ಚಿತ್ರ. ಫಿನ್ಲೆಂಡಿನಲ್ಲಿ ಮಧ್ಯಾಹ್ನಕ್ಕೇ ಕತ್ತಲು. ಗ್ರೀಸಿನಲ್ಲಿ ಕಿಟಕಿ ತೆಗೆದರೆ ಸಮುದ್ರ, ಆದರೆ ಈಜಲು ಪುರುಸೊತ್ತಿಲ್ಲ. ಪೋಲೆಂಡಿನಲ್ಲಿ ಕೆಳಗಿನ ಮನೆಯ ಅಜ್ಜಿ ಭಾನುವಾರ ಭಾನುವಾರ ಬೀಟ್‌ರೂಟಿನ ಸಾರು ತಂದು ಬಾಗಿಲಲ್ಲಿ ಇಟ್ಟು, ಬೆಲ್ಲು ಒತ್ತಿ, ಓಡಿಹೋಗುತ್ತಿದ್ದಳು. ಅವಳ ಮುಖವನ್ನು ಅವನು ಸರಿಯಾಗಿ ನೋಡಲೇ ಇಲ್ಲ.

"ವೇಗ ಹೋಯ್ತು" ಎಂದ ಕೊನೆಗೆ. "ಮೊದಲು ಎಲ್ಲರಿಗಿಂತ ಮುಂಚೆ ತಲುಪುತ್ತಿದ್ದೆ. ಈಗ ಅದೊಂದೂ ಇಲ್ಲ. ಅವರಿಗೆ ಏನು ತೋರಿಸಲಿ?"

"ಓಡೋಕಾಗದೇ ಇದ್ರೆ ಎಲ್ಲರೂ ಓಡಿ ಮುಗಿಸೋತನಕ ಕಾಯಿ" ಎಂದೆ. ಮಂಡಿನೋವಿನವರಿಗೆ ದಿನಾ ಹೇಳುವ ಮಾತದು, ಅದರಲ್ಲಿ ದೊಡ್ಡ ಜ್ಞಾನವೇನಿಲ್ಲ. ಕತ್ತಲಲ್ಲಿ ಅವನು ಮೆಲ್ಲಗೆ "ತಡಿ" ಅಂದದ್ದು ಕೇಳಿಸಿತು.

ಅಲ್ಲಿಂದ ಅವನ ಆಟವೇ ಬೇರೆಯಾಯಿತು. ಚೆಂಡು ಹಿಡಿದು ಮಧ್ಯದಲ್ಲಿ ನಿಂತುಬಿಡುವನು. "ತಡಿ!" ಎಂದೊಡನೆ ನಮ್ಮ ಹುಡುಗರು ಇದ್ದಲ್ಲೇ ನಿಲ್ಲುವರು. ಎದುರಿನವರಿಗೆ ಕಕ್ಕಾಬಿಕ್ಕಿ. ನಿಲ್ಲುವುದೋ, ಮುನ್ನುಗ್ಗುವುದೋ ಎಂದು ಅವರ ಕಾಲು ತಡಬಡಾಯಿಸುವಾಗ ಮೆಲ್ಲಗೆ ಒಂದು "ಒಳಗೆ", ಅಷ್ಟರಲ್ಲಿ ವೆಂಗ್ ಬುಟ್ಟಿಯ ಕೆಳಗಿರುತ್ತಿದ್ದ. ಸೋಲುತ್ತಿದ್ದ ತಂಡ ಗೆಲ್ಲತೊಡಗಿತು. ನಾನು ದಿನಾ ಆ ಮಂಡಿಗೆ ಎಣ್ಣೆ ತಿಕ್ಕಿ, ಟೇಪು ಸುತ್ತಿ, ಕಣ್ಣಿಗೆ ಕಾಣದ ದೇವರಿಗೆಲ್ಲ ಕೈಮುಗಿದು ಕಳಿಸುತ್ತಿದ್ದೆ. ಮಳೆ ನಿಲ್ಲುವ ಹೊತ್ತಿಗೆ ನಾವು ಫೈನಲ್ಲಿನಲ್ಲಿದ್ದೆವು. ಎದುರಿಗೆ ಅದೇ ಪೆನಾಂಗಿನವರು.

ಇಲ್ಲೇ ನಮ್ಮ ಕನ್ನಡಿಗರು ಬಂದದ್ದು. ಪುಚೊಂಗಿನಲ್ಲಿ ನಮ್ಮ ಪಕ್ಕದ ಮನೆ ರುಕ್ಸಾನಾ, ಹುಬ್ಬಳ್ಳಿಯವಳು, ಇಂಜಿನಿಯರು. ಅವಳಿಗೆ ಒಂದು ಮಾತು ಹೇಳಿದರೆ ಊರಿಗೇ ಹೇಳಿದಂತೆ. "ಅಯ್ಯ, ಅಮೇರಿಕಾದಂವ ಕನ್ನಡ ಮಾತಾಡಿ ಆಡ್ತಾನಂದ್ರ ನಾವು ಮನ್ಯಾಗ ಕುಂದರೂದನು? ಎಲ್ಲಾರೂ ಬರ್ತೀವಿ ತಗೋ" ಎಂದಳು. ಬಂದರು. ಮಕ್ಕಳು ಮರಿ, ಚಿತ್ರಾನ್ನದ ಡಬ್ಬಿ, ಮೊಸರನ್ನದ ಡಬ್ಬಿ, ಕೆಂಪು ಹಳದಿ ಶಾಲು, ಎರಡು ಸಾಲು ತುಂಬಿತು.

ಡೆಸ್ ಚೆಂಡು ಹಿಡಿದು ಬಂದು "ಎಡ!" ಎಂದು ಕೂಗಿದ. ಎರಡು ಸಾಲೂ ಹುಚ್ಚೆದ್ದಿತು. ದೊಡ್ಡವರು ಚಪ್ಪಾಳೆ, ಶಿಳ್ಳೆ. ಮಕ್ಕಳಂತೂ, ನಮ್ಮ ಇಂಚರಳೂ ಸೇರಿ, ಬೆಂಚು ಹತ್ತಿ ನಿಂತು, ತಮಗೆ ಅರ್ಥವಾಯಿತೆಂಬ ಸಡಗರದಲ್ಲಿ, ದಿನಾ ಅಪ್ಪ ಅಮ್ಮನಿಗೆ ಉತ್ತರ ಕೊಡುವ ಹಾಗೇ ಉತ್ತರ ಕೊಟ್ಟವು. "ಲೆಫ್ಟ್! ಲೆಫ್ಟ್! ಹೀ ಸೆಡ್ ಲೆಫ್ಟ್!"

ಪೆನಾಂಗಿನವರು ಎಡಕ್ಕೆ ನುಗ್ಗಿ ಚೆಂಡು ಕಸಿದರು.

ಮತ್ತೆ ಬಂದ. "ಒಳಗೆ!" ಅಂದ. "ಇನ್‌ಸೈಡ್! ಇನ್‌ಸೈಡ್!" ಎಂದು ಹದಿನೈದು ಇಪ್ಪತ್ತು ಮಕ್ಕಳ ಕಂಠ. ಮತ್ತೆ ಚೆಂಡು ಹೋಯಿತು. ಪೆನಾಂಗಿನ ಆ ವಿದೇಶಿ ಆಟಗಾರ ನಮ್ಮ ಮಕ್ಕಳ ಕಡೆ ತಿರುಗಿ ಕೈಬೀಸಿ ನಗುತ್ತಿದ್ದ. ನನಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ಅಲ್ಲಿ ಪೋಲೆಂಡಿನಲ್ಲಿ ಒಬ್ಬ ಕೋಚ್ ಇದನ್ನೆಲ್ಲ ನೋಡುತ್ತಾ ಕೂತಿದ್ದಾನೆ. ಸೀಸನ್ ಪೂರ್ತಿ ಜೋಪಾನ ಮಾಡಿದ ಮಂಡಿ, ಎರಡನೇ ಸಲ ಕರೆದ ಒಂದೇ ಊರು, ಎಲ್ಲ ನಮ್ಮವರ ಸಂಭ್ರಮಕ್ಕೆ ಬಲಿಯಾಗುತ್ತಿದೆ.

ಟೈಮ್‌ಔಟ್ ಆಗಿದ್ದೇ ಗ್ಯಾಲರಿಗೆ ಓಡಿದೆ. "ಬಾಯಿ ಮುಚ್ಕೊಳ್ರೋ ಎಲ್ಲಾ! ಒಬ್ಬರೂ ಉಸಿರೆತ್ತಬಾರದು!"

"ಖುಷಿಲೇ ಕೂಗ್ಲಿಕ್ಕತ್ತಾವು, ಬಿಡವಾ" ಎಂದಳು ರುಕ್ಸಾನಾ.

"ಆ ಖುಷಿಯಲ್ಲೇ ಅವನ ಹೊಟ್ಟೆ ಮೇಲೆ ಹೊಡೀತಿದಾರೆ ಕಣೇ! ಎದುರಿನವರಿಗೆ ಇಂಗ್ಲಿಷ್ ಬರಲ್ವಾ?"

ಹಿಂದಿನಿಂದ ಡೆಸ್ ಕುಂಟುತ್ತಾ ಬಂದು ಕಂಬಿ ಹಿಡಿದು ನಿಂತ. ಬೈಯುತ್ತಾನೆಂದು ನಾನು ಕಣ್ಣು ಮುಚ್ಚಿಕೊಂಡೆ. ಅವನು ಏದುಸಿರಿನಲ್ಲಿ, "ಸುಮ್ಮನಿರಿಸಬೇಡಿ" ಎಂದ. "ಇಷ್ಟು ವರ್ಷ ಇಷ್ಟು ಊರಲ್ಲಿ ಕೂಗಿದೀನಿ. ಗ್ಯಾಲರಿಯಿಂದ ಯಾರೂ ನನಗೆ ಉತ್ತರ ಕೊಟ್ಟಿರಲಿಲ್ಲ."

ಇಂಚರ ಅವನನ್ನೂ ನನ್ನನ್ನೂ ನೋಡಿದಳು. "ಅಮ್ಮಾ, ವಿ ಟೋಲ್ಡ್ ದೆಮ್?" ಎಂದು ಕೇಳಿದಳು. ನಾನು ಹೂಂ ಅಂದೆ. ಅವಳ ಮುಖ ಸಣ್ಣದಾಯಿತು, ಕಣ್ಣಲ್ಲಿ ನೀರು ತುಂಬಿತು. ಆಮೇಲೆ ಥಟ್ಟನೆ ಬೆಂಚಿನ ಮೇಲೆ ಹತ್ತಿ, ಸೊಂಟಕ್ಕೆ ಕೈಯಿಟ್ಟು, ಮಕ್ಕಳ ಕಡೆ ತಿರುಗಿದಳು.

"ಏಯ್! ಯಾರೂ ಇಂಗ್ಲಿಷ್ ಮಾತಾಡ್ಬಾರ್ದು! ಅವ್ರು ಏನ್ ಹೇಳ್ತಾರೋ ಅದೇ ಹೇಳ್ಬೇಕು. ಗೊತ್ತಾಯ್ತಾ?"

ಆ 'ಗೊತ್ತಾಯ್ತಾ' ನನ್ನದು. ದಿನಾ ಬೈದು ಮುಗಿಸುವಾಗ ನಾನು ಹಾಕುವ ಬಾಲ. ಅವಳ ಬಾಯಲ್ಲಿ ಅದನ್ನು ಕೇಳಿ ನನ್ನ ಕೈಯಲ್ಲಿದ್ದ ಟೇಪಿನ ಸುರುಳಿ ಜಾರಿ ಮೆಟ್ಟಿಲಿನುದ್ದಕ್ಕೂ ಉರುಳಿಹೋಯಿತು.

ಆಮೇಲಿನದು ನನಗೆ ಈಗಲೂ ನಿದ್ದೆಯಲ್ಲಿ ಕಂಡಂತೆ ನೆನಪಿದೆ. ಅವನು "ಬಲ" ಅಂದರೆ ಎರಡು ಸಾಲೂ "ಬಲ", "ಹೊರಗೆ" ಅಂದರೆ "ಹೊರಗೆ". ಪೆನಾಂಗಿನವರು ಗ್ಯಾಲರಿ ನೋಡುತ್ತಾರೆ, ಏನೂ ತಿಳಿಯುವುದಿಲ್ಲ. ನಮ್ಮವರು ಒಂದೊಂದೇ ಬುಟ್ಟಿ ತುಂಬಿಸುತ್ತಾ ಬಂದರು. ಕೊನೆಗೆ ಒಂದೇ ಪಾಯಿಂಟು ಹಿಂದೆ, ಚೆಂಡು ಡೆಸ್ ಕೈಯಲ್ಲಿ. ಅವನು ನಿಂತ. "ತಡಿ" ಅಂದ. ಮಕ್ಕಳು "ತಡಿ" ಎಂದವು. ದೊಡ್ಡವರು "ತಡಿ" ಎಂದರು. ಇಡೀ ಸ್ಟೇಡಿಯಮ್ಮಿನ ಮಧ್ಯೆ ಆ ಮನುಷ್ಯ ಒಂದು ಕಾಲಿನ ಮೇಲೆ ಭಾರ ಹಾಕಿ, ಚೆಂಡನ್ನು ಮೆಲ್ಲಗೆ ಕುಟ್ಟುತ್ತಾ, ಹೊತ್ತೇ ಇಲ್ಲವೇನೋ ಅನ್ನುವಂತೆ ನಿಂತಿದ್ದ. ನನಗೆ ಅವನ ಊರುಗಳೆಲ್ಲ ಅವನ ಹಿಂದೆ ಬಂದು ನಿಂತಂತೆ ಕಂಡವು. ಎದುರಿನವರಲ್ಲಿ ಒಬ್ಬನಿಗೆ ತಾಳ್ಮೆ ಕೆಟ್ಟಿತು, ಒಂದು ಹೆಜ್ಜೆ ಮುಂದಿಟ್ಟ. "ಒಳಗೆ!" ವೆಂಗ್ ನುಗ್ಗಿದ, ಚೆಂಡು ಅವನ ಕೈಗೆ ಬಂತು, ಎಸೆದ. ಅದು ಕಬ್ಬಿಣದ ಬಳೆಯ ಮೇಲೆ ಒಂದು ಸುತ್ತು ಹೊಡೆದು, ಎರಡನೇ ಸುತ್ತು ಹೊಡೆದು, ಆಚೆಗೆ ಬಿತ್ತು.

ಸೋತೆವು. ವೆಂಗ್ ಮುಖ ಮುಚ್ಚಿಕೊಂಡು ಕೂತ. ಡೆಸ್ ಅವನ ಪಕ್ಕ ಕೂತು ಬೆನ್ನು ತಟ್ಟುತ್ತಿದ್ದ.

ಮುಂದಿನ ದಿನಗಳು ಬರೀ ಕಾಯುವುದಾಯಿತು. ಪೋಲೆಂಡಿನಿಂದ ಸುದ್ದಿಯಿಲ್ಲ. ಡೆಸ್ ಸೂಟ್‌ಕೇಸು ತುಂಬಿಟ್ಟುಕೊಂಡು, ದಿನಾ ನಮ್ಮ ಮನೆ ಕೆಳಗಿನ ಮಾಮಕ್‌ನಲ್ಲಿ ಒಂದು ಲೋಟ ಚಹಾ ಮುಂದಿಟ್ಟುಕೊಂಡು ಕೂರುತ್ತಿದ್ದ. ಇಂಚರಳೋ, ಪಂದ್ಯದ ಮರುದಿನ ಬೆಳಿಗ್ಗೆಯೇ "ಅಮ್ಮಾ, ವೇರ್ ಇಸ್ ಮೈ ಸಾಕ್ಸ್?" ಎಂದು ಮೊದಲಿನಂತಾಗಿದ್ದಳು. ನಾನು ಆಸೆ ಕಟ್ಟಿಕೊಂಡಿದ್ದು ಅಷ್ಟಕ್ಕೇ ಆಯಿತು.

ಒಂದು ಸಂಜೆ ಕ್ಲಿನಿಕ್ಕಿನಿಂದ ಬರುತ್ತಿದ್ದೆ. ಡೆಸ್ ಮಾಮಕ್‌ನ ಹೊರಗೆ ಮಳೆಯಲ್ಲೇ ನಿಂತು ಫೋನಿನಲ್ಲಿ ಮಾತಾಡುತ್ತಿದ್ದ. ನನ್ನನ್ನು ಕಂಡು ಕೈ ಎತ್ತಿ "ತಡಿ" ಅಂದ. ತಡೆದೆ. ಅವನ ಮಾತು ಮುಗಿಯಿತು. ಮುಖವೆಲ್ಲ ಒದ್ದೆ, ಮಳೆಯೋ ಅಳುವೋ ಹೇಳುವುದು ಕಷ್ಟ.

"ಪೋಲೆಂಡಿನ ಆ ಕೋಚ್ ಮಂಡಿ ವಿಷಯ ಕೇಳಲೇ ಇಲ್ಲ" ಎಂದ. "ಕೊನೆಯಲ್ಲಿ ಏನೋ ಅಂದು ನಿಂತೆಯಲ್ಲ, ಎಲ್ಲರೂ ನಿಂತರಲ್ಲ, ಅದೇನು ಅಂತ ಕೇಳಿದ. ನನ್ನ ಹುಡುಗರು ಬರೀ ಓಡ್ತಾರೆ, ಅವರಿಗೆ ಅದನ್ನ ಕಲಿಸ್ತೀಯಾ ಅಂದ."

ನಾನು ರಸ್ತೆಯಲ್ಲೇ ಹೋ ಎಂದು ಅತ್ತುಬಿಟ್ಟೆ. ಲೋಟದಿಂದ ಲೋಟಕ್ಕೆ ಚಹಾ ಎಳೆಯುತ್ತಿದ್ದವನು ಕೈ ನಿಲ್ಲಿಸಿ ನೋಡಿದ. ನೋಡಲಿ, ನನಗೇನು!

ಹೋಗುವ ದಿನ ಡೆಸ್ ಮನೆಯ ಅಡುಗೆಕೋಣೆ ಖಾಲಿ ಮಾಡಲು ನಾನೂ ಹೋಗಿದ್ದೆ. ಮುಂದೆ ಬರುವ ಆಟಗಾರನಿಗೆಂದು ಉಪ್ಪಿನ ಡಬ್ಬಿ, ಒಳ್ಳೆಯದೊಂದು ಚಾಕು ಬಿಟ್ಟ. ನಾನು ಕೊಟ್ಟ ಚಟ್ನಿಪುಡಿಯನ್ನು ಮಾತ್ರ ಎತ್ತಿ ಸೂಟ್‌ಕೇಸಿಗೆ ಹಾಕಿಕೊಂಡ. ಚಳಿ ಶುರುವಾದ ಮೇಲೆ ಅಲ್ಲಿಂದ ಒಂದು ಫೋಟೋ ಬಂತು. ದೊಗಳೆ ಕೋಟು ಹಾಕಿಕೊಂಡು ಹಿಮದಲ್ಲಿ ನಿಂತಿದ್ದಾನೆ, ಪಕ್ಕದಲ್ಲಿ ಅವನ ಮೊಣಕೈವರೆಗೆ ಬರುವ ಒಬ್ಬ ಅಜ್ಜಿ. ಕೋಟನ್ನು ಇಷ್ಟು ವರ್ಷ ಅವಳೇ ತೆಗೆದಿಟ್ಟಿದ್ದಳಂತೆ.

ಚೀನೀ ಹೊಸ ವರ್ಷಕ್ಕೆ ಬೀದಿಯೆಲ್ಲ ಕೆಂಪು ದೀಪ ತೂಗುತ್ತಿದ್ದ ಒಂದು ಭಾನುವಾರದ ಸಂಜೆ ಅವನ ಪಂದ್ಯ ಟಿವಿಗೆ ಹಾಕಿಕೊಂಡು ಕೂತೆವು. ಅಲ್ಲಿ ಆಗ ಮಧ್ಯಾಹ್ನ. ಆ ಪುಟ್ಟ ಊರಿನ ಸ್ಟೇಡಿಯಂ ತುಂಬಿತ್ತು, ಜನ ದಪ್ಪ ಜಾಕೆಟ್ಟುಗಳಲ್ಲಿ ಒತ್ತಿಕೊಂಡು ಕೂತಿದ್ದರು. ಡೆಸ್ ಚೆಂಡು ಹಿಡಿದು ಬಂದ, ಮಧ್ಯದಲ್ಲಿ ನಿಂತ, ಕೈ ಎತ್ತಿದ.

"ತಡಿ!"

ಅಲ್ಲಿನ ಹುಡುಗರು ಇದ್ದಲ್ಲೇ ನಿಂತರು. ಅಷ್ಟೇ ಅಲ್ಲ, ಗ್ಯಾಲರಿಯ ಜನ, ಆ ಜಾಕೆಟ್ಟಿನ ಅಜ್ಜಂದಿರು, ಮಕ್ಕಳು, ಎಲ್ಲರೂ ಒಂದೇ ದನಿಯಲ್ಲಿ ಹಾಡಿನಂತೆ ಶುರುಮಾಡಿದರು. "ತಾದೀ! ತಾದೀ! ತಾದೀ!"

ಪ್ರಶಾಂತ ರಿಮೋಟ್ ಹಿಡಿದವನು ಹಾಗೇ ಕೂತ. ಇಂಚರ ಸೋಫಾದಿಂದ ಜಿಗಿದು ಟಿವಿಯ ಮುಂದೆ ಹೋಗಿ, ಸೊಂಟಕ್ಕೆ ಕೈಯಿಟ್ಟು ನಿಂತಳು.

"ಅಯ್ಯೋ ಅಮ್ಮಾ, ಇವ್ರಿಗೆ ಹೇಳೋಕೇ ಬರ್ತಿಲ್ಲ!" 

ಆಮೇಲೆ ಪೋಲೆಂಡಿನ ಅಷ್ಟೂ ಜನರಿಗೆ ಕೇಳಿಸುವಂತೆ, ನಿಧಾನವಾಗಿ, ಬಿಡಿಸಿ ಬಿಡಿಸಿ ಹೇಳಿಕೊಟ್ಟಳು.

"ತಾದಿ ಅಲ್ಲ ಕಣ್ರೋ. ತಡಿ. ಗೊತ್ತಾಯ್ತಾ?"